ಗಲೀಜು ಮಾಡಲಿಕ್ಕೂ ಒಂದು ಪ್ಲಗಿನ್

ಗೋಡೆಗೆಲ್ಲ ಫೋಮ್ ಹೊಡೆಸಿ, ಫ್ಯಾನ್ ಆರಿಸಿ, ಬೆವರು ಸುರಿಸುತ್ತ 24 ಬಿಟ್‌ನಲ್ಲಿ ರೆಕಾರ್ಡಿಂಗ್. ಚೂರೂ ಗದ್ದಲವಿಲ್ಲದ ದನಿ ಸಿಕ್ಕಿತೋ, ಸಂಗೀತದ ಪ್ರೊಡ್ಯೂಸರ್ ಮಹಾಶಯರು ಅದಕ್ಕೆ ಗದ್ದಲ ಬೆರೆಸುವ ಪ್ಲಗಿನ್ (ರೆಕಾರ್ಡಿಂಗ್ ಸಾಫ್ಟ್‌ವೇರಿಗೆ ಸಿಕ್ಕಿಸುವ ಪುಟ್ಟ ಪ್ರೋಗ್ರಾಂ) ಕೊಳ್ಳಲು ಓಡುತ್ತಾರೆ. ವಿಂಟೇಜ್ ಫೀಲ್ ಬೇಕಲ್ಲ!

ಇವರ ಕುಲದೈವ 1987ರ ಎಸ್‌ಪಿ-1200 ಸ್ಯಾಂಪ್ಲರ್, ಅಂದರೆ ದನಿಯ ತುಣುಕು (ಸ್ಯಾಂಪಲ್) ತುಂಬಿಕೊಂಡು ನುಡಿಸುವ ಯಂತ್ರ. 12 ಬಿಟ್, 26.04 ಕಿಲೋಹರ್ಟ್ಸ್, ಇಡೀ ಮೆಮೊರಿ ಸುಮಾರು 10 ಸೆಕೆಂಡ್. ಒಂದು ಸ್ಯಾಂಪಲ್ 2.5 ಸೆಕೆಂಡ್ ದಾಟುವಂತಿಲ್ಲ. ಹಾಗಾಗಿ ಆಗಿನವರು 33 ಆರ್‌ಪಿಎಂ ರೆಕಾರ್ಡನ್ನು 45ರಲ್ಲಿ ಓಡಿಸಿ ತುಂಬಿಕೊಂಡು, ಒಳಗೆ ಐದು ಸೆಮಿಟೋನ್ (ಅರ್ಧಸ್ವರ) ಕೆಳಗಿಳಿಸಿ ಮೂಲ ವೇಗಕ್ಕೆ ತರುತ್ತಿದ್ದರು, ಸುಮಾರು 3.4 ಸೆಕೆಂಡಿನ ತುಣುಕು ಹಿಡಿಯುತ್ತಿತ್ತು. ಇಳಿಸುವಾಗ ಯಂತ್ರ ಇಂಟರ್‌ಪೊಲೇಷನ್ (ಬಿಂದುಗಳ ನಡುವಿನ ಜಾಗವನ್ನು ಲೆಕ್ಕಹಾಕಿ ನುಣುಪಾಗಿ ತುಂಬುವುದು) ಮಾಡುವುದಿಲ್ಲ, ಆ ಖ್ಯಾತ ಕರಕರ ಹುಟ್ಟುವುದು ಅಲ್ಲಿ. ಜಾಗ ಸಾಲದ್ದಕ್ಕೆ ಹೂಡಿದ ಉಪಾಯ ಈಗ ಸೌಂದರ್ಯಶಾಸ್ತ್ರ.

ಭಕ್ತರು ಮಾಡುವುದೇನು? ಎಲ್ಲ ದನಿಗಳೂ ಸೇರಿ ಹೊರಹೋಗುವ ಮಾಸ್ಟರ್ ಬಸ್ ಮೇಲೆ, ಬಿಟ್ ಸಂಖ್ಯೆ ಇಳಿಸುವ ಬಿಟ್‌ಕ್ರಶರ್ ಕೂರಿಸಿ 12ಕ್ಕೆ ತಿರುಗಿಸುತ್ತಾರೆ. ಏನೂ ಕೇಳಿಸುವುದಿಲ್ಲ. 12 ಬಿಟ್ ಎಂದರೆ ದನಿಯ ಮಟ್ಟಕ್ಕೆ 4096 ಮೆಟ್ಟಿಲು. ಅಷ್ಟಿರುವಾಗ, ಜೋರು ಸಿಗ್ನಲ್‌ನಲ್ಲಿ ಕೇಳಿಸಬೇಕಾದರೂ ಏಕೆ? ಸರಿ, 6ಕ್ಕೆ ಇಳಿಸುತ್ತಾರೆ. ಗಾಯಕಿಯ ದನಿ ಕೆಟ್ಟ ಫೋನಿನಿಂದ ಬಂದಂತಾಗುತ್ತದೆ. ಅಸಲಿ ದಾರಿ ಇಷ್ಟೇ: ಡ್ರಮ್ ಲೂಪನ್ನು ಟೈಮ್‌ಸ್ಟ್ರೆಚ್ ಇಲ್ಲದೆ (ಅಂದರೆ ವೇಗವೂ ಜೊತೆಗೇ ಏರುವಂತೆ) ಐದು ಸೆಮಿಟೋನ್ ಏರಿಸಿ ರೆಂಡರ್ ಮಾಡಿ, 26 ಕಿಲೋಹರ್ಟ್ಸ್, 12 ಬಿಟ್‌ಗೆ ಇಳಿಸಿ, ಇಂಟರ್‌ಪೊಲೇಷನ್ ಆಫ್ ಮಾಡಬಹುದಾದ ಸ್ಯಾಂಪ್ಲರ್‌ನಲ್ಲಿ ಮತ್ತೆ ಐದು ಕೆಳಗೆ ನುಡಿಸಿ. ಅದು ಆನ್ ಇದ್ದರೆ ಪಟ್ಟ ಶ್ರಮವೆಲ್ಲ ನುಣುಪಾಗಿ ಅಳಿಸಿಹೋಗುತ್ತದೆ. ಆದರೆ ಈ ದಾರಿಯಲ್ಲಿ ಸ್ಕ್ರೀನ್‌ಶಾಟ್ ಹಾಕಲು ಮರದ ಚೌಕಟ್ಟಿನ ಚಂದದ ನಾಬ್ ಇರುವುದಿಲ್ಲ, ಪಾಪ.

ಕೀ ಒತ್ತಿದರೆ ಟೇಪಿನಲ್ಲಿರುವ ದನಿ ನುಡಿಸುವ ಹಳೇ ಕೀಬೋರ್ಡ್ ಮೆಲ್ಲೊಟ್ರಾನ್ ಕಥೆ ಇನ್ನೂ ಮಜಾ. ಅದರ ಎಂ400 ಮಾದರಿಯಲ್ಲಿ 35 ಕೀ, ಕೀಗೊಂದು ಟೇಪ್, ಟೇಪಿನ ಆಯಸ್ಸು ಸುಮಾರು 8 ಸೆಕೆಂಡ್. ಮುಗಿಯುವಷ್ಟರಲ್ಲಿ ಬೆರಳೆತ್ತಿ ಮತ್ತೆ ಒತ್ತಬೇಕು, ಆ ಉಸಿರುಗಟ್ಟುವಿಕೆಯೇ ಅದರ ಗುಣ. ನಮ್ಮವರು ಒಂದೇ ಸ್ವರಗುಚ್ಛವನ್ನು (ಕಾರ್ಡ್) 40 ಸೆಕೆಂಡ್ ಲೂಪ್ ಮಾಡಿ ಎಳೆದು "ಅಸಲಿ" ಎಂದು ಹೆಸರಿಡುತ್ತಾರೆ. ಟೇಪಿನ ನಡುಕ ತರಲು ಎಲ್ಲ ಸ್ವರಗಳಿಗೂ ಸೇರಿಸಿ ಒಂದೇ ಎಲ್‌ಎಫ್‌ಒ (ಸ್ವರವನ್ನು ನಿಧಾನವಾಗಿ ಏರಿಳಿಸುವ ಅಲೆ). ಅಸಲಿ ಯಂತ್ರದಲ್ಲಿ ಮೋಟರ್ ಒಂದೇ ಆದರೂ ಟೇಪು, ಒತ್ತುವ ರೋಲರ್ ಕೀಗೊಂದು ಬೇರೆ. ತೂಗಾಟವೂ ಬೇರೆ ಬೇರೆ. ಇಲ್ಲಿ ಇಡೀ ವಾದ್ಯವೃಂದ ಒಟ್ಟಿಗೆ ಎಡವುತ್ತದೆ.

ಹಳೇ ವಿನೈಲ್ ರೆಕಾರ್ಡಿನ ಚಿಟಪಟ? ನಾಲ್ಕು ಸೆಕೆಂಡಿನ ಲೂಪ್, ಪ್ರತಿ ಸುತ್ತಿನಲ್ಲೂ ಅದೇ ಜಾಗದಲ್ಲಿ ಅದೇ "ಟಕ್". ಅದರ ಮೇಲೆ ಜೋರು ದನಿ ಬಂದಾಗ ಎಲ್ಲವನ್ನೂ ತಗ್ಗಿಸುವ ಕಂಪ್ರೆಸರ್, ಹಾಗಾಗಿ ಕಿಕ್ ಡ್ರಮ್ ಬಿದ್ದಾಗ ಧೂಳು ಅಡಗಿ, ಮರುಕ್ಷಣ ಏಳುತ್ತದೆ. ಫೈಲು ಮಾಸ್ಟರಿಂಗ್‌ಗೆ (ಬಿಡುಗಡೆಗೆ ಮುನ್ನ ಕೊನೆಯ ಹದಕ್ಕೆ) ಹೋದಾಗ ಅಲ್ಲಿಯವರು ಇದೇನೋ ದೋಷವೆಂದು ಚಿಟಪಟ ಅಳಿಸುವ ಡಿ-ಕ್ಲಿಕ್ ಓಡಿಸಿ ಗುಡಿಸಿ ಹಾಕುತ್ತಾರೆ, ಬಿಲ್ಲಿನಲ್ಲಿ ಪ್ರತ್ಯೇಕ ಸಾಲು ಬರೆದು.