ಗೇಮ್ ಇದ್ರೆ ತೆಗೀರಿ ಸರ್

ಕಳೆದ ಮಂಗಳವಾರ ನನ್ನ ಉಳಿತಾಯ ಖಾತೆಯಲ್ಲಿ 6,400 ರೂಪಾಯಿ ಚಿಲ್ಲರೆ ಇತ್ತು. ಅದೇ ದಿನ, ಅದೇ ಫೋನಿನಲ್ಲಿ, ನಮ್ಮಮ್ಮನ ಹತ್ತಿರ 2,40,000 ಇತ್ತು. ಗಾಬರಿಯಾಗಬೇಡಿ, ಅಮ್ಮನದು ಲೂಡೋ ನಾಣ್ಯ. ನನ್ನ ಆರು ಸಾವಿರ ಎಷ್ಟಿದೆ ಅಂತ ನೋಡೋದಕ್ಕೆ ಅಮ್ಮನ ಎರಡು ಲಕ್ಷ ನಲವತ್ತು ಸಾವಿರವನ್ನು ನಾನೇ ಕೈಯಾರೆ ಮುಳುಗಿಸಿದೆ. ಠೇವಣಿದಾರರ ದುಡ್ಡು ನುಂಗಿ ಓಡಿಹೋಗುವವರಿಗೂ ಇಷ್ಟು ಸಲೀಸಾಗಿ ಆಗಿರಲಿಕ್ಕಿಲ್ಲ. ಬೆರಳು ಒತ್ತಿ ಹಿಡಿದೆ, ‘ಅನ್‌ಇನ್‌ಸ್ಟಾಲ್ ಮಾಡಲಾ?’ ಅಂತ ಕೇಳಿತು, ಹೂಂ ಅಂದೆ. ಮುಗೀತು.

ಆಗಿದ್ದಿಷ್ಟೇ. ನನ್ನ ಬ್ಯಾಂಕಿನಿಂದ ಮೆಸೇಜ್ ಬಂತು. ಆಪ್ ಹಳೆಯದಾಗಿದೆ, ಹೊಸದು ಹಾಕಿಕೊಳ್ಳಿ, ಇಲ್ಲದಿದ್ದರೆ ನಡೆಯೋದಿಲ್ಲ. ಹಾಕಿಕೊಳ್ಳಲು ಹೋದರೆ ಫೋನು ‘ಸ್ಟೋರೇಜ್ ಸಾಲದು’ ಅಂತು. ನನ್ನದು 2018ರಲ್ಲಿ ಕೊಂಡ ಫೋನು. ಗಾಜಿನ ಮೇಲೆ ಒಂದು ಬಿರುಕಿದೆ, ಚಾರ್ಜರ್ ವೈರನ್ನು ಒಂದೇ ಕೋನದಲ್ಲಿ ಇಟ್ಟರೆ ಮಾತ್ರ ಕರೆಂಟು ಹತ್ತುತ್ತದೆ, ಉಳಿದಂತೆ ಗಟ್ಟಿಮುಟ್ಟಾಗಿದೆ. ಬ್ಯಾಂಕಿಗೇ ಹೋದೆ. ಪಾಸ್‌ಬುಕ್ ಪ್ರಿಂಟ್ ಮಾಡುವ ಯಂತ್ರದ ಮೇಲೆ ‘ಕೆಟ್ಟಿದೆ’ ಅಂತ ಚೀಟಿ. ಆ ಚೀಟಿಯೇ ಹಳದಿಯಾಗಿತ್ತು. ಕೌಂಟರಿನ ಹುಡುಗಿ ತಲೆ ಎತ್ತದೆ ಹೇಳಿದಳು: “ಗೇಮ್ ಇದ್ರೆ ತೆಗೀರಿ ಸರ್, ಜಾಗ ಆಗುತ್ತೆ.”

ನನ್ನ ಫೋನಿನಲ್ಲಿ ಗೇಮ್ ಇದೆ ಅಂತ ಅವಳಿಗೆ ಹೇಗೆ ಗೊತ್ತಾಯಿತು? ನನ್ನ ಮುಖ ನೋಡಿದರೆ ಆಟ ಆಡಿಕೊಂಡಿರುವವನ ಥರ ಕಾಣುತ್ತದಾ? ಆಮೇಲೆ ಯೋಚಿಸಿದರೆ ಎಲ್ಲರೂ ಹೇಳೋದು ಅದನ್ನೇ. ಮೊಬೈಲ್ ಅಂಗಡಿಯ ಹುಡುಗನೂ ಅದನ್ನೇ ಹೇಳಿದ್ದ. ನನ್ನ ಅಕ್ಕನ ಮಗ, ಪಿಯುಸಿ ಓದುತ್ತಿರುವವನು, ತನ್ನ ಫೋನಿನಲ್ಲಿ ಗನ್ ಹಿಡಿದು ಓಡಾಡುತ್ತಲೇ “ಮಾವ, ಫಸ್ಟು ಆ ಗೇಮ್ ತೆಗೀರಿ” ಅಂದಿದ್ದ. ಈ ದೇಶದಲ್ಲಿ ಎಲ್ಲರೂ ಒಪ್ಪಿರುವ ಮಾತು ಇದೊಂದೇ ಇರಬೇಕು.

ಸರ್ಕಾರವೂ ಒಪ್ಪಿದೆ. 2025ರ ಆಗಸ್ಟ್‌ನಲ್ಲಿ ಆನ್‌ಲೈನ್ ಗೇಮಿಂಗ್ ಕಾನೂನು ಬಂದ ವೇಗ ನೆನಪಿದೆ ಅಲ್ವಾ? 20ನೇ ತಾರೀಕು ಲೋಕಸಭೆ, 21ಕ್ಕೆ ರಾಜ್ಯಸಭೆ, 22ಕ್ಕೆ ರಾಷ್ಟ್ರಪತಿಗಳ ಅಂಕಿತ. ದುಡ್ಡು ಕಟ್ಟಿ ಆಡುವ ಆಟಗಳೆಲ್ಲ ಮೂರೇ ದಿನದಲ್ಲಿ ಬಂದ್. ಕ್ರಿಕೆಟ್ ತಂಡದ ಅಂಗಿಯ ಮೇಲಿದ್ದ ಅಂಥದೇ ಒಂದು ಆಟದ ಕಂಪನಿಯ ಹೆಸರೂ ಅಳಿಸಿಹೋಗಿ, ನಮ್ಮ ಹುಡುಗರು ಏಷ್ಯಾ ಕಪ್‌ನಲ್ಲಿ ಪ್ರಾಯೋಜಕರಿಲ್ಲದ ಬೋಳು ಅಂಗಿಯಲ್ಲಿ ಆಡಿದರು. ನಮ್ಮ ರಾಜ್ಯ 2021ರಲ್ಲೇ ಇದಕ್ಕೆ ಕೈಹಾಕಿತ್ತು, 2022ರ ಫೆಬ್ರವರಿಯಲ್ಲಿ ಹೈಕೋರ್ಟ್ ಆ ಕಾನೂನನ್ನು ಹೊಡೆದುಹಾಕಿತು. ಆ ಆಟಗಳಿಂದ ಎಷ್ಟು ಮನೆ ಹಾಳಾದವು ಅಂತ ಗೊತ್ತಿರುವುದರಿಂದ ನನ್ನದೇನೂ ತಕರಾರಿಲ್ಲ. ಆದರೆ ಇಡೀ ದೇಶದ ಫೋನುಗಳಿಂದ ಅಷ್ಟೊಂದು ಆಟ ಎತ್ತಿಹಾಕಿದ ಮೇಲೂ ನನ್ನ ಫೋನಿನಲ್ಲಿ ಜಾಗ ಯಾಕೆ ಆಗಲಿಲ್ಲ?

ಅದಕ್ಕೇ ಲೆಕ್ಕ ತೆಗೆದು ನೋಡಿದೆ. ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಅಂತ ಇದೆಯಲ್ಲ, ಬಣ್ಣಬಣ್ಣದ ಪಟ್ಟಿ, ಅಲ್ಲಿ. ಸಿಸ್ಟಮ್ 13 ಜಿಬಿ. ಇತರೆ 4 ಜಿಬಿ. ಗೇಮ್ 0.19 ಜಿಬಿ. ಈ ‘ಇತರೆ’ ಅಂದರೆ ಏನು? ಒತ್ತಿ ನೋಡಿದರೆ ತೆರೆಯುವುದಿಲ್ಲ. ನಮ್ಮ ಬೀದಿಯ ಗಣೇಶೋತ್ಸವ ಸಮಿತಿಯ ಲೆಕ್ಕಪತ್ರದಲ್ಲೂ ಪ್ರತಿ ವರ್ಷ ಒಂದು ‘ಇತರೆ’ ಇರುತ್ತದೆ. ಹೂವಿಗೆ ಇಷ್ಟು, ಶಾಮಿಯಾನಕ್ಕೆ ಇಷ್ಟು, ಆರ್ಕೆಸ್ಟ್ರಾಕ್ಕೆ ಇಷ್ಟು, ಇತರೆ ಹದಿನೆಂಟು ಸಾವಿರ. ಅದನ್ನೂ ಯಾರೂ ಒತ್ತಿ ನೋಡುವಂತಿಲ್ಲ. ನೋಡಿದವರಿಗೆ ಮುಂದಿನ ವರ್ಷ ಪ್ರಸಾದ ಬರೋದಿಲ್ಲ.

ಇನ್ನು ನನ್ನ ಫೋನಿನ ಒಟ್ಟು ಜಾಗ 32 ಜಿಬಿ ಅನ್ನೋದೇ ಒಂದು ಕಥೆ. ಮಾಡಿದವನು ಸಾವಿರದ ಲೆಕ್ಕದಲ್ಲಿ ಎಣಿಸಿ ಪೆಟ್ಟಿಗೆ ಮೇಲೆ 32 ಅಂತ ಅಚ್ಚು ಹಾಕುತ್ತಾನೆ. ಕಂಪ್ಯೂಟರು 1024ರ ಲೆಕ್ಕದಲ್ಲಿ ಎಣಿಸಿ 29.8 ಅನ್ನುತ್ತದೆ. ಇದು ಮೋಸ ಅಲ್ಲ, ಪದ್ಧತಿ ಅಂತೆ. ನಮ್ಮಜ್ಜಿಗೆ ಈ ಪದ್ಧತಿ ಚೆನ್ನಾಗಿ ಗೊತ್ತಿತ್ತು. ಸಂತೆಯಲ್ಲಿ ಅಕ್ಕಿ ಅಳೆಸುವ ಮೊದಲು ಅವಳು ಸೇರನ್ನು ಕೈಗೆ ತೆಗೆದುಕೊಂಡು ತಲೆಕೆಳಗು ಮಾಡಿ ನೋಡುತ್ತಿದ್ದಳು. ತಳ ಒಳಕ್ಕೆ ಗುದ್ದಿಸಿಕೊಂಡಿದ್ದರೆ ಅಂಗಡಿಯವನ ಮೂರು ತಲೆಮಾರಿನ ಜಾತಕ ಅಲ್ಲೇ ಓದಿ ಹೇಳುತ್ತಿದ್ದಳು. ಪಾವು, ಅಚ್ಚೇರು, ಸೇರು ಎಲ್ಲಕ್ಕೂ ಸರ್ಕಾರದ ಮುದ್ರೆ ಇರಬೇಕಿತ್ತು. ತೂಕದ ಕಲ್ಲಿಗೆ ಮುದ್ರೆ ಇಲ್ಲದಿದ್ದರೆ ಅಳತೆ ಮತ್ತು ತೂಕದ ಇಲಾಖೆಯವರು ಬಂದು ಎತ್ತಿಕೊಂಡು ಹೋಗುತ್ತಿದ್ದರು. ಈಗಲೂ ಪೆಟ್ರೋಲ್ ಬಂಕಿನಲ್ಲಿ ಅನುಮಾನ ಬಂದರೆ 5 ಲೀಟರಿನ ಅಳತೆಪಾತ್ರೆ ತರಿಸಿ ನಿಮ್ಮ ಕಣ್ಣೆದುರೇ ಅಳೆಸಬಹುದು, ಅದು ನಿಮ್ಮ ಹಕ್ಕು. ಆದರೆ 32 ಸೇರು ಅಂತ ಮಾರಿ, ಮೂಟೆಯೊಳಗೆ ತನ್ನ ಸಾಮಾನೇ 13 ಸೇರು ತುಂಬಿ ಕೊಡುವವನ ಮೂಟೆಯನ್ನು ತಲೆಕೆಳಗು ಮಾಡಿ ನೋಡಲು ನಮ್ಮಜ್ಜಿ ಈಗ ಇಲ್ಲ.

ಆ 13ರೊಳಗೆ ಏನಿದೆ ಅಂತೀರಿ? ಫೋನಿನ ಜೊತೆಗೇ ಬಂದ ಆಪ್‌ಗಳು. ಷೇರುಪೇಟೆ ತೋರಿಸುವುದೊಂದು. ನನ್ನ ಹತ್ತಿರ ಇರುವ ಷೇರು ಅಂದರೆ ಊರಿನ ಹಾಲಿನ ಸೊಸೈಟಿಯದು ಮಾತ್ರ, ಅದು ಅದರಲ್ಲಿ ಬರುವುದಿಲ್ಲ. ಬ್ರೌಸರ್ ಎರಡು. ಗೋಡೆಗೆ ಬಣ್ಣ ಹೊಡೆಯುವ ಹಾಗೆ ಫೋನಿನ ಥೀಮ್ ಬದಲಿಸುವ ಆಪ್ ಒಂದು. ಕಂಪನಿಯದೇ ಅಂಗಡಿ, ಕಂಪನಿಯದೇ ಹಾಡಿನ ಪೆಟ್ಟಿಗೆ, ಜೊತೆಗೆ ‘ಗೇಮ್ ಸೆಂಟರ್’. ಸರಿ, ಗೇಮ್ ತೆಗೀರಿ ಅಂದರಲ್ಲ, ಇದನ್ನೇ ತೆಗೆಯೋಣ ಅಂತ ಒತ್ತಿ ಹಿಡಿದರೆ ‘ಅನ್‌ಇನ್‌ಸ್ಟಾಲ್’ ಅನ್ನುವ ಪದವೇ ಇಲ್ಲ. ‘ಡಿಸೇಬಲ್’ ಅಂತ ಮಾತ್ರ ಇದೆ. ಅಂದರೆ ಬಾಡಿಗೆದಾರ ಮನೆ ಖಾಲಿ ಮಾಡಲ್ಲ, ಬಾಡಿಗೆಯೂ ಕೊಡಲ್ಲ. ನಿಮ್ಮ ಮರ್ಯಾದೆಗೆ ಬೇಕಾದರೆ ರೂಮಿನ ಬಾಗಿಲು ಹಾಕಿಕೊಂಡು ಒಳಗೇ ಮಲಗಿರುತ್ತಾನೆ. ಗೇಮ್ ತೆಗೆಯಬಹುದು, ಗೇಮ್ ಸೆಂಟರ್ ತೆಗೆಯುವಂತಿಲ್ಲ. ಎಂಥ ದೂರದೃಷ್ಟಿ! ಈ ಫೋನು ಮಾಡಿದವರಿಗೆ ಊರ ಮುಂದೆ ಒಂದು ಸನ್ಮಾನ ಇಟ್ಟುಕೊಳ್ಳಬೇಕು. ಶಾಲು, ಹಾರ, ಫಲತಾಂಬೂಲ. ಆ ಶಾಲನ್ನು ಅವರು ಮತ್ತೆ ತೆಗೆಯಲು ಆಗಬಾರದು, ಅಷ್ಟೇ.

ಹೀಗೆ ಖಾಲಿ ಮಾಡಿಸಲಾಗದ ಬಾಡಿಗೆದಾರನಾಗುವ ಆಸೆ ನಮ್ಮ ಸರ್ಕಾರಕ್ಕೂ ಒಮ್ಮೆ ಬಂದಿತ್ತು. 2025ರ ನವೆಂಬರ್ 28ರ ಆದೇಶ. ಹೊಸ ಫೋನುಗಳಲ್ಲೆಲ್ಲ ‘ಸಂಚಾರ್ ಸಾಥಿ’ ಆಪ್ ಮೊದಲೇ ಇರಬೇಕು, 90 ದಿನ ಟೈಮು, ಅದರ ಕೆಲಸಕ್ಕೆ ಯಾರೂ ಅಡ್ಡಿ ಮಾಡುವಂತಿಲ್ಲ. ಗಲಾಟೆ ಎದ್ದ ಮೇಲೆ ಮಂತ್ರಿಗಳು ‘ಬೇಡದವರು ತೆಗೆದುಹಾಕಬಹುದು’ ಅಂದರು. ಡಿಸೆಂಬರ್ 3ಕ್ಕೆ ಆ ಕಡ್ಡಾಯವನ್ನೇ ವಾಪಸ್ ಪಡೆದರು. ಕಳೆದುಹೋದ ಫೋನು ಹುಡುಕಲು ಉಪಯೋಗಕ್ಕೆ ಬರುವ ಆಪ್ ಅದು, ಸುಮ್ನೆ ಬೈಯುವುದು ಬೇಡ. ಬೇಕಾದವರು ತಾವೇ ಹಾಕಿಕೊಳ್ಳುತ್ತಿದ್ದರು. ಕರೆದರೆ ಬರುವ ನೆಂಟನನ್ನು ಗೋಡೆ ಹಾರಿಸಿ ಒಳಗೆ ಬಿಡುವ ಬುದ್ಧಿ ಯಾರದ್ದೋ ಏನೋ.

ಆಪ್ ತೆಗೆಯಲು ಬಿಡಲ್ಲ, ಫೋಟೊ ಆದರೂ ಅಳಿಸೋಣ ಅಂತ ಕೂತೆ. 2018ರಲ್ಲೇ ಒಂದು ಸುದ್ದಿ ಬಂದಿತ್ತು, ಭಾರತದವರ ಫೋನು ತುಂಬಿ ಕೂರುವುದಕ್ಕೆ ಗುಡ್ ಮಾರ್ನಿಂಗ್ ಚಿತ್ರಗಳೇ ದೊಡ್ಡ ಕಾರಣ ಅಂತ. ಗೂಗಲ್‌ನವರು ಅದನ್ನು ಹೆಕ್ಕಿ ತೆಗೆಯುವುದಕ್ಕೇ ಒಂದು ಉಪಾಯ ಮಾಡಿದ್ದರಂತೆ. ನಾನಾಗ ನಕ್ಕಿದ್ದೆ. ಈಗ ನೋಡಿದರೆ ನನ್ನ ಫೋನಿನಲ್ಲಿ ಒಂದೇ ಅರಿಶಿನ ಗಣಪತಿ ಹದಿನಾಲ್ಕು ಕಡೆ ಕೂತಿದ್ದಾನೆ. ಚಿಕ್ಕಪ್ಪ ಕಳಿಸಿದ್ದು, ಚಿಕ್ಕಪ್ಪನಿಂದ ಅತ್ತೆಗೆ ಹೋಗಿ ಅತ್ತೆ ಕಳಿಸಿದ್ದು, ಅತ್ತೆ ಗ್ರೂಪಿಗೆ ಹಾಕಿದ್ದನ್ನು ಮತ್ತೆ ಚಿಕ್ಕಪ್ಪನೇ ಕಳಿಸಿದ್ದು. ಹಬೆಯಾಡುವ ಕಾಫಿ ಲೋಟ, ಇಬ್ಬನಿ ಕೂತ ಗುಲಾಬಿ ಎಲ್ಲ ಪಟಪಟ ಅಳಿಸಿದೆ. ಗಣಪತಿ ಬಂದಾಗ ಬೆರಳು ನಿಂತಿತು. ಪಕ್ಕದಲ್ಲೇ ಕೂತಿದ್ದ ಅಮ್ಮ “ಅಯ್ಯೋ, ದೇವ್ರ ಫೋಟೊ ಕಸಕ್ಕೆ ಹಾಕ್ತಾರೇನೋ?” ಅಂದಳು.

ಇದು ಸಣ್ಣ ವಿಷಯ ಅಲ್ಲ. ದೇವರ ಹಳೇ ಕ್ಯಾಲೆಂಡರನ್ನು ನಾವು ಕಸದ ಬುಟ್ಟಿಗೆ ಹಾಕುವವರಲ್ಲ. ಮದುವೆ ಕಾಗದದ ಮೇಲೆ ವೆಂಕಟರಮಣ ಇದ್ದರೆ ಅದು ಹತ್ತು ವರ್ಷ ಅಟ್ಟದ ಮೇಲಿರುತ್ತದೆ. ಕಟ್ಟು ಒಡೆದ ಫೋಟೊಗಳನ್ನೆಲ್ಲ ಒಯ್ದು ಅರಳಿಕಟ್ಟೆಯ ಮೇಲೆ ಇಟ್ಟು, ಕೈ ಮುಗಿದು, ತಿರುಗಿ ನೋಡದೆ ಬರುತ್ತೇವೆ. ನಮ್ಮೂರ ಅರಳಿಕಟ್ಟೆಯಲ್ಲಿ ಗಾಜು ಒಡೆದ ಲಕ್ಷ್ಮಿ, ಗೆದ್ದಲು ಹಿಡಿದ ರಾಘವೇಂದ್ರಸ್ವಾಮಿ, ಬಣ್ಣ ಹೋದ ಸಾಯಿಬಾಬಾ ಎಲ್ಲ ಒಬ್ಬರಿಗೊಬ್ಬರು ಒರಗಿಕೊಂಡು ಕೂತಿರುತ್ತಾರೆ. ಫೋನಿನೊಳಗೂ ಅಂಥದೊಂದು ಕಟ್ಟೆ ಬೇಕು. ಅಳಿಸುವುದಲ್ಲ, ಒಯ್ದು ಇಟ್ಟು ಬರುವುದು. ಯಾರಾದರೂ ಬೆಂಗಳೂರಿನ ಸ್ಟಾರ್ಟಪ್ ಹುಡುಗರು ಓದುತ್ತಿದ್ದರೆ ಈ ಐಡಿಯಾ ಪುಕ್ಕಟೆ. ಆಪ್ ಮಾತ್ರ ಮಾಡಬೇಡಿ. ಹಾಕಲು ಜಾಗ ಇಲ್ಲ.

ಹದಿನಾಲ್ಕು ಗಣಪತಿಗಳೂ ಉಳಿದರು. ಕೊನೆಗೆ ಕಣ್ಣಿಗೆ ಬಿದ್ದದ್ದು ಲೂಡೋ.

ನಮ್ಮಮ್ಮ ಲೂಡೋ ಆಡುವುದನ್ನು ನೀವು ನೋಡಬೇಕು. ಚೌಕಾಬಾರದಲ್ಲಿ ಪಳಗಿದ ಕೈ ಅದು. ಸರದಿ ಬಂದಾಗ ಕವಡೆ ಕುಲುಕಿದ ಹಾಗೆ ಇಡೀ ಫೋನನ್ನೇ ಎರಡು ಕೈಯಲ್ಲಿ ಕುಲುಕುತ್ತಾಳೆ, ಆಮೇಲೆ ಬೆರಳು ಒತ್ತುತ್ತಾಳೆ. “ಅಮ್ಮಾ, ಕುಲುಕಬೇಕಾಗಿಲ್ಲ” ಅಂತ ನೂರು ಸಲ ಹೇಳಿದ್ದೇನೆ. “ಕುಲುಕದೆ ಹೆಂಗೋ ಆರು ಬೀಳುತ್ತೆ?” ಅನ್ನುತ್ತಾಳೆ. ಎದುರಾಳಿ ಎಲ್ಲಿಯವನೋ, ಹೆಸರು ಇಂಗ್ಲಿಷ್ ಅಕ್ಷರದಲ್ಲಿ. ಅವನ ಕಾಯಿ ಕಡಿದಾಗ “ಪಾಪ, ಊಟ ಆಯ್ತೋ ಇಲ್ವೋ” ಅಂತ ಮರುಗುತ್ತಾಳೆ, ಮರುಗುತ್ತಲೇ ಇನ್ನೊಂದು ಕಾಯಿ ಕಡಿಯುತ್ತಾಳೆ. ಹೀಗೆ ಐದು ವರ್ಷದಲ್ಲಿ ಕೂಡಿಟ್ಟದ್ದು 2,40,000 ನಾಣ್ಯ. ಒಂದು ಪೈಸೆ ಕಟ್ಟಿ ಆಡಿದ್ದಲ್ಲ.

ತೆಗೆದೆ.

ಇಲ್ಲಿಯವರೆಗೆ ತಮಾಷೆಯಾಗಿ ಬರೆದೆ. ಇನ್ನು ಆಗುತ್ತಿಲ್ಲ. ಒಂದು ಫೋನು ಕೆಟ್ಟಿಲ್ಲ, ಕರೆ ಬರುತ್ತದೆ, ಮಾತು ಕೇಳಿಸುತ್ತದೆ. ಆದರೂ ಅದು ಹಳೆಯದು ಅಂತ ತೀರ್ಮಾನ ಮಾಡುವವರು ಬೇರೆ ಯಾರೋ. ಪಾಸ್‌ಬುಕ್ ಯಂತ್ರ ರಿಪೇರಿ ಮಾಡಿಸದವರು ನನಗೆ ಫೋನು ಬದಲಿಸಿ ಅನ್ನುತ್ತಾರೆ. 2025ರ ಸೆಪ್ಟೆಂಬರ್ 22ಕ್ಕೆ ಶುರುವಾದ ರಾಜ್ಯದ ಸಮೀಕ್ಷೆಯಲ್ಲಿ 60 ಪ್ರಶ್ನೆ ಹಿಡಿದು ಮನೆಮನೆ ಸುತ್ತಿದ ಮೇಷ್ಟ್ರುಗಳ ಕಥೆ ಪೇಪರಿನಲ್ಲಿ ಓದಿದ್ದೀರಿ. ಸಮೀಕ್ಷೆ ಸರ್ಕಾರದ್ದು, ಆಪ್ ಸರ್ಕಾರದ್ದು, ಫೋನು ಮೇಷ್ಟ್ರದ್ದು. ಸರ್ವರ್ ಮಲಗಿದಾಗ ಬಾಗಿಲಲ್ಲಿ ನಿಂತು ಬೈಸಿಕೊಂಡವರೂ ಅವರೇ. ಸರ್ಕಾರವೇ ಫೋನು ಕೊಟ್ಟಾಗ ಏನಾಯಿತು ಅಂತ ಮಹಾರಾಷ್ಟ್ರದ ಅಂಗನವಾಡಿ ಕಾರ್ಯಕರ್ತೆಯರನ್ನು ಕೇಳಿ. ನಡೆಯದ ಆ ಫೋನುಗಳನ್ನು 2021ರಲ್ಲಿ ಅವರು ಒಟ್ಟಾಗಿ ಹೋಗಿ ವಾಪಸ್ ಕೊಟ್ಟು ಬಂದರು. ಅವರ ಫೋನಿನಲ್ಲಿ ಯಾವ ಗೇಮ್ ಇತ್ತು ಸ್ವಾಮಿ ತೆಗೆಯೋದಕ್ಕೆ? ಪಿಂಚಣಿಗೆ ಆಪ್, ಕರೆಂಟ್ ಬಿಲ್ಲಿಗೆ ಆಪ್, ಆಸ್ಪತ್ರೆ ಚೀಟಿಗೆ ಆಪ್. ಜಾಗ ಮಾಡಿಕೊಡುವ ಜವಾಬ್ದಾರಿ ಮಾತ್ರ ಯಾವಾಗಲೂ ನಮ್ಮದು. ತೆಗೆಯಲು ಬಿಡುವುದು ನಾವಾಗಿ ಇಷ್ಟಪಟ್ಟು ಹಾಕಿಕೊಂಡದ್ದನ್ನು ಮಾತ್ರ. ಸಾಕಾಗಿದೆ.

ಇರಲಿ. ಲೂಡೋ ತೆಗೆದ ಮೇಲೆ ಬ್ಯಾಂಕಿನ ಹೊಸ ಆಪ್ ಇಳಿಯಿತು. ತೆರೆದೆ. ಸುತ್ತು ಚಕ್ರ ತಿರುಗಿತು. ‘ನಿಮ್ಮ ಫೋನಿನ ಆಂಡ್ರಾಯ್ಡ್ ಆವೃತ್ತಿಯಲ್ಲಿ ಈ ಆಪ್ ಕೆಲಸ ಮಾಡುವುದಿಲ್ಲ’ ಅಂತು. ಇದನ್ನು ಇಳಿಸುವ ಮೊದಲು ಹೇಳಬಹುದಿತ್ತಲ್ಲ ಅಂತ ಯಾರನ್ನು ಕೇಳಲಿ?

ಸಂಜೆ ಅಮ್ಮ ಕನ್ನಡಕ ಹಾಕಿಕೊಂಡು ಬಂದು ಕೂತಳು. ಫೋನು ತೆಗೆದುಕೊಂಡು ಆ ಕಡೆ ಸರಿಸಿದಳು, ಈ ಕಡೆ ಸರಿಸಿದಳು.

“ಎಲ್ಲೋ ಹೋಯ್ತು?”

ಹೇಳಿದೆ.

“ನನ್ನ ದುಡ್ಡು?”

“ಅದೂ ಹೋಯ್ತಮ್ಮ.”

ಸ್ವಲ್ಪ ಹೊತ್ತು ಸುಮ್ಮನಿದ್ದಳು. “ನಿನ್ನ ಬ್ಯಾಂಕಾದ್ರೂ ಬಂತಾ?”

“ಇಲ್ಲ.”

“ಹಂಗಾದ್ರೆ ಮತ್ತೆ ಹಾಕು. ಸೊನ್ನೆಯಿಂದ ಶುರು ಮಾಡ್ತೀನಿ.”

ಬ್ಯಾಂಕಿನ ಆಪ್ ತೆಗೆದು ಲೂಡೋ ಹಾಕಲು ಹೋದೆ. ಅಷ್ಟರಲ್ಲಿ ಚಿಕ್ಕಪ್ಪ ಮೊಮ್ಮಗಳ ನಾಮಕರಣದ ವಿಡಿಯೊಗಳನ್ನೆಲ್ಲ ಗ್ರೂಪಿಗೆ ಹಾಕಿದ್ದರು. ಮೂವತ್ತೊಂದು. ಜಾಗ ಇಲ್ಲವಂತೆ.