ಟಾಮ್ ಮತ್ತು ಜೆರ್ರಿಗೆ ಕತ್ತರಿ ಬೇಕೆ?

ಪರ

ಟಾಮ್ ಮತ್ತು ಜೆರ್ರಿ ಸರಣಿಯ ‘ಮೌಸ್ ಕ್ಲೀನಿಂಗ್’ ಕಿರುಚಿತ್ರ ತೆರೆಕಂಡದ್ದು 1948ರಲ್ಲಿ. ಮನೆ ಕೊಂಚ ಕೊಳೆಯಾದರೂ ಬೀದಿಪಾಲಾಗುತ್ತೀಯ ಎಂದು ಟಾಮ್‌ಗೆ ತಾಕೀತಾಗಿದೆ. ಆಮೇಲಿನ ಜೆರ್ರಿಯ ಕಿತಾಪತಿಗೆ ನಾನೂ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೇನೆ. ಕೊನೆಗೆ ರಾಶಿ ರಾಶಿ ಕಲ್ಲಿದ್ದಲು ಮನೆಯೊಳಗೆ ನುಗ್ಗುತ್ತದೆ. ಅದರೊಳಗಿಂದ ತಲೆ ಹೊರಹಾಕುವ ಟಾಮ್‌ನ ಮುಖ ಕಪ್ಪುವರ್ಣೀಯರ ವ್ಯಂಗ್ಯಚಿತ್ರವಾಗಿದೆ. ಮಾತೂ ಅವರನ್ನು ಅಣಕಿಸುವ ಎಳೆದಾಟದ ಧಾಟಿಗೆ ತಿರುಗಿದೆ. ಅಲ್ಲಿ ಮೈಬಣ್ಣ ಬಿಟ್ಟರೆ ನಗಲು ಬೇರೇನೂ ಇಲ್ಲ.

ಐದು ವರ್ಷದ ಮಗುವಿಗೆ 1948ರ ಅಮೆರಿಕ ಗೊತ್ತಿಲ್ಲ. ಆರಂಭದಲ್ಲಿ ಎಚ್ಚರಿಕೆಯ ಬರಹ ಹಾಕಿದರೆ ಅದನ್ನು ಓದಲು ಬಾರದು. ಕಪ್ಪು ಮುಖ ಕಂಡರೆ ನಗಬೇಕು ಎಂಬುದಷ್ಟೇ ತಲೆಗೆ ಹೋಗುತ್ತದೆ. ಹೆಣ್ಣು ಕಪ್ಪಗಿದ್ದಾಳೆಂದು ಸಂಬಂಧ ತಪ್ಪಿಸುವ ನಮ್ಮ ಮನೆಗಳಲ್ಲಿ ಅದು ಬೇಗ ಬೇರೂರುತ್ತದೆ. ಮಕ್ಕಳ ವಾಹಿನಿಯಲ್ಲಿ ಕೆಲವು ಸೆಕೆಂಡು ಕತ್ತರಿಸಲಿ. ಅಧ್ಯಯನ ಮಾಡುವವರಿಗೆ ಸಂಗ್ರಹಾಗಾರದಲ್ಲಿ ಪೂರ್ತಿ ಪ್ರತಿ ಇದ್ದೇ ಇರುತ್ತದೆ.

ವಿರೋಧ

ಸಂಗ್ರಹಾಗಾರದಲ್ಲಿ ಇದ್ದೇ ಇರುತ್ತದೆಯೆ? ಈ ಚಿತ್ರಗಳನ್ನು ತಯಾರಿಸಿದ ಎಂಜಿಎಂ ಸ್ಟುಡಿಯೊದ ಉಗ್ರಾಣಕ್ಕೆ ಬೆಂಕಿ ಬಿದ್ದಾಗ 1951ಕ್ಕಿಂತ ಹಿಂದಿನ ಟಾಮ್ ಮತ್ತು ಜೆರ್ರಿ ಮೂಲ ನೆಗೆಟಿವ್‌ಗಳು ಬಹುಪಾಲು ಬೂದಿಯಾದವು. ಉಳಿದಿರುವುದು ಪ್ರತಿಯ ಪ್ರತಿ. ಯಾರಿಗೂ ತೋರಿಸದ ಚಿತ್ರವನ್ನು ಹಣ ಸುರಿದು ಹಸನುಗೊಳಿಸುವವರು ಇರುವುದಿಲ್ಲ. 2013ರಲ್ಲಿ, ಈಗ ಇವುಗಳ ಹಕ್ಕು ಹೊಂದಿರುವ ವಾರ್ನರ್ ಸಂಸ್ಥೆ ‘ಮೌಸ್ ಕ್ಲೀನಿಂಗ್’ ಮತ್ತು ಇದೇ ಸರಣಿಯ ‘ಕ್ಯಾಸನೋವಾ ಕ್ಯಾಟ್’ ಎರಡನ್ನೂ ಕೈಬಿಟ್ಟು ಈ ಚಿತ್ರಗಳ ಒಂದು ಡಿಸ್ಕ್ ಸಂಪುಟ ತರಲು ಹೊರಟಿತು. ಅಭಿಮಾನಿಗಳು ಸಿಡಿದೆದ್ದರು, ಆ ಸಂಪುಟ ಹೊರಬರಲೇ ಇಲ್ಲ.

ಇನ್ನು, ಕತ್ತರಿ ಹಿಡಿದವರು ಹಿಂದೆ ಏನು ಮಾಡಿದರು ನೋಡಿ. ಟಾಮ್‌ನನ್ನು ಗದರುವ ಆ ಮನೆಯ ಹೆಂಗಸು ನಮಗೆ ಕಾಣುವುದು ಹೆಚ್ಚಾಗಿ ಸೊಂಟದಿಂದ ಕೆಳಗೆ: ಏಪ್ರನ್, ಕಾಲುಚೀಲ, ಸವೆದ ಚಪ್ಪಲಿ, ಬೀಸಲು ಸಿದ್ಧವಾದ ಪೊರಕೆ. ಆಕೆ ಎಂದರೆ ದನಿಯೇ. ಆ ದನಿ ಕಪ್ಪುವರ್ಣೀಯ ನಟಿ ಲಿಲಿಯನ್ ರಾಂಡಾಲ್ಫ್ ಅವರದು. ಟಾಮ್ ಎಂದು ಅವರು ಎಳೆದು ಕೂಗಿದರೆ ಬೆಕ್ಕಿನ ಜೊತೆ ನಾವೂ ಬೆಚ್ಚುತ್ತಿದ್ದೆವು. 1960ರ ದಶಕದಲ್ಲಿ ಟಿ.ವಿ.ಗಾಗಿ ಚಿತ್ರಗಳನ್ನು ತಿದ್ದುವಾಗ ಕೆಲವೆಡೆ ಆಕೆಯ ಜಾಗಕ್ಕೆ ಬಿಳಿ ಹೆಂಗಸನ್ನು ಬರೆದು ಕೂರಿಸಿ, ಕಂಠದಾನ ಕಲಾವಿದೆ ಜೂನ್ ಫೋರೇ ಅವರಿಂದ ಐರಿಷ್ ಉಚ್ಚಾರಣೆಯಲ್ಲಿ ಮಾತನಾಡಿಸಿದರು. ಹೀಗೆ ಜನಾಂಗೀಯ ಅವಹೇಳನವನ್ನು ತೆಗೆಯುವ ಹೆಸರಿನಲ್ಲಿ ತೆಗೆದದ್ದು ಒಬ್ಬ ಕಪ್ಪುವರ್ಣೀಯ ಕಲಾವಿದೆಯ ದುಡಿಮೆಯನ್ನು.

ಕಲ್ಲಿದ್ದಲಿನ ಆ ದೃಶ್ಯವನ್ನು ಐದು ವರ್ಷದ ಮಗುವಿಗೆ ತೋರಿಸಬೇಡಿ ಎಂದರೆ ನಾನೂ ಒಪ್ಪುತ್ತೇನೆ. ದೊಡ್ಡವರು ಕೊಳ್ಳುವ ಪ್ರತಿಯಲ್ಲಿ ಮಾತ್ರ ಎಲ್ಲವೂ ಇರಲಿ, ರಾಂಡಾಲ್ಫ್ ಅವರ ಹೆಸರಿನ ಸಮೇತ.