ನೋಡೋಕಾದ್ರೂ ಬಿಡಿ!

ಪೋರ್ಚುಗಲ್‌ನ ಡೌರೊ ಕಣಿವೆಯಲ್ಲಿರುವ ಪಿನ್ಯಾವ್ ರೈಲು ನಿಲ್ದಾಣದ ಗೋಡೆ ಮುಂದೆ ನಿಂತಿದ್ದೆ, ಅಷ್ಟೇ. ನೀಲಿ ಟೈಲ್ಸ್ ಮೇಲೆ ದ್ರಾಕ್ಷಿ ಕೊಯ್ಲಿನ ಚಿತ್ರಗಳು. ಇನ್ನೂ ಎರಡನೇ ಚಿತ್ರದ ಹತ್ತಿರ ಹೋಗಿಲ್ಲ, ಗೈಡ್ ಚಪ್ಪಾಳೆ ತಟ್ಟಿದರು. ‘ಬಸ್ಸು ಹೊರಡುತ್ತೆ, ಬನ್ನಿ ಬನ್ನಿ!’

ಸಾಕಾಗಿ ಹೋಯ್ತು. ವೈನ್ ಸೀಮೆಗೆ ಒಂದು ದಿನದ ಟೂರ್ ಅಂದ್ರೆ ಯಾವಾಗಲೂ ಇದೇ ಗೋಳು. ಪೋರ್ಟೊ ನಗರದಿಂದ ಕೂತು ಕೂತು ಸೊಂಟ ಬಿದ್ದುಹೋಗಬೇಕು. ತಡವಾಗಿ ಬರುವ ಒಬ್ಬರಿಗಾಗಿ ಇಡೀ ಬಸ್ಸು ಕಾಯಬೇಕು. ಊಟ ಗಂಟಲಲ್ಲಿ ಇಳಿಯುವ ಮೊದಲೇ ಏಳಿ ಅಂತಾರೆ. ಬಾಟಲಿ ಮಾರುವ ಅಂಗಡಿಯಲ್ಲಿ ಮಾತ್ರ ಯಾರಿಗೂ ಅವಸರವೇ ಇಲ್ಲ!

ಡೌರೊ ಕಣಿವೆ ಅಂದ್ರೆ ಸುಮ್ನೆ ಬಂದು ಹೋಗುವ ಜಾಗವಾ? 1756ರಲ್ಲೇ ಪೋರ್ಚುಗಲ್‌ನ ಮಂತ್ರಿ ಪೊಂಬಾಲ್‌ನ ಆಡಳಿತ ಈ ವೈನ್ ಸೀಮೆಗೆ ಗಡಿ ಗುರುತಿಸಿತು, ಆಮೇಲೆ ಗ್ರಾನೈಟ್ ಕಂಬಗಳನ್ನು ನೆಡಿಸಿತು. ಜನ ಬಂಡೆ ಒಡೆದು, ಗಾರೆಯಿಲ್ಲದೆ ಕಲ್ಲು ಜೋಡಿಸಿ, ಕಡಿದಾದ ಬೆಟ್ಟವನ್ನೇ ಮೆಟ್ಟಿಲು ಮಾಡಿದರು. 19ನೇ ಶತಮಾನದಲ್ಲಿ ಫಿಲಾಕ್ಸೆರಾ ಕೀಟ ಬಳ್ಳಿಯ ಬೇರು ತಿಂದಾಗ ಕೈಬಿಟ್ಟ ತೋಟಗಳು ಈಗಲೂ ಹಾಳುಬಿದ್ದಿವೆ. ಅದರ ಬಗ್ಗೆ ಒಂದು ಮಾತು ಬೇಡವಾ? ಕಾಲಲ್ಲಿ ದ್ರಾಕ್ಷಿ ತುಳಿಯುವ ಕಲ್ಲಿನ ತೊಟ್ಟಿ ಎದುರಿಗೇ ಇದೆ. ಮೊಣಕಾಲು ಮುಳುಗುವಷ್ಟು ರಸದಲ್ಲಿ ನಿಂತು, ಹೆಗಲಿಗೆ ಹೆಗಲು ಕೊಟ್ಟು ತುಳಿದ ಜಾಗ ಅದು. ರಸ ಹುದುಗುತ್ತಿರುವಾಗಲೇ ಬ್ರಾಂದಿಯಂಥ ಸ್ಪಿರಿಟ್ ಯಾಕೆ ಸುರಿಯುತ್ತಾರೆ, ಪೋರ್ಟ್ ವೈನ್‌ನಲ್ಲಿ ಸಿಹಿ ಹೇಗೆ ಉಳಿಯುತ್ತೆ ಅಂತ ಕೇಳಿದರೆ, ‘ಆಮೇಲೆ ಹೇಳ್ತೀನಿ’. ಆಮೇಲೆ ಅಂದ್ರೆ ಯಾವಾಗ? ವಾಪಸ್ ಹೋಗುವಾಗ ಎಲ್ಲರೂ ಗೊರಕೆ ಹೊಡೆಯುವಾಗಲಾ?